ಸೋಮವಾರದ ಹಳದಿ ದೀಪ

ಕಾರಿನ ಮೀಟರ್ ಬೋರ್ಡಿನಲ್ಲಿ ಹಳದಿ ದೀಪ ಮೊದಲ ಸಲ ಹತ್ತಿದ ದಿನ ಆ ಮನೆಯಲ್ಲಿ ಎಲ್ಲರೂ ಇನ್ನೊಬ್ಬರ ಮೇಲೆ ಗೂಬೆ ಕೂರಿಸಿದರು. ಹೈಸ್ಕೂಲಿನಲ್ಲಿ ಗಣಿತ ಹೇಳುವ ಮಗ, ಮನೆಯಲ್ಲೂ ಮೇಷ್ಟ್ರು ಅಂತಲೇ ಅವನ ಹೆಸರು, ಬಂಕಿನವರು ಕಲಬೆರಕೆ ಡೀಸೆಲ್ ಹಾಕಿದ್ದಾರೆ ಎಂದ. ಡೀಸೆಲ್ಲಿನದೇನೂ ತಪ್ಪಿಲ್ಲ, ಕ್ಲಚ್ಚಿನ ಮೇಲೆ ಕಾಲಿಟ್ಟುಕೊಂಡೇ ಓಡಿಸುವವರದ್ದು ತಪ್ಪು ಎಂದು ಅವನ ಅಪ್ಪ ಹೆಂಡತಿಯ ಕಡೆ ನೋಡಿದರು. ಹೆಂಡತಿ ಅನ್ನ ಬಡಿಸುತ್ತಿದ್ದರು. ಗಂಡನ ತಟ್ಟೆಗೆ ಒಂದು ಸೌಟು ಕಡಿಮೆಯೇ ಬಿತ್ತು.

ಅಪ್ಪ ಮೂವತ್ತೊಂದು ವರ್ಷ ದೂರದೂರಿನ ಬಸ್ಸು ಓಡಿಸಿ ನಿವೃತ್ತರಾದವರು. ಒಂದು ದಿನವೂ ಹೊತ್ತು ಮೀರಿ ಬಂದವರಲ್ಲವಾದ್ದರಿಂದ ಡಿಪೋದಲ್ಲಿ ಪೈಲಟ್ ಎಂದು ಕರೆಯುತ್ತಿದ್ದರು. ಬೀದಿಯವರೂ ಅದನ್ನೇ ರೂಢಿ ಮಾಡಿಕೊಂಡರು. ಹೋದ ವರ್ಷ ಲೈಸೆನ್ಸ್ ನವೀಕರಿಸಲು ಹೋದಾಗ ಕಣ್ಣಿನ ಡಾಕ್ಟರು, ನೇರ ಕಾಣುತ್ತದೆ, ಪಕ್ಕದ್ದು ಕಾಣುವುದಿಲ್ಲ, ಇನ್ನು ಸ್ಟೀರಿಂಗ್ ಮುಟ್ಟಬೇಡಿ ಎಂದುಬಿಟ್ಟರು. ಅಂದಿನಿಂದ ಕಾರು ಓಡಿಸುವುದು ಅವರ ಹೆಂಡತಿ. ಆಕೆ ಮನೆಯ ಹಿಂದಿನ ಕೋಣೆಯಲ್ಲಿ ನಲವತ್ತು ವರ್ಷದಿಂದ ಹೊಲಿಗೆ ಯಂತ್ರ ತುಳಿಯುವ ಟೈಲರಮ್ಮ. ಐವತ್ತಾರನೇ ವಯಸ್ಸಿನಲ್ಲಿ ಸೊಸೆಯ ಪಕ್ಕ ಕೂತು ಡ್ರೈವಿಂಗ್ ಕಲಿತಾಗ ಪೈಲಟ್ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದರು. ಅದು ನಿನ್ನ ಯಂತ್ರದ ಪೆಡಲ್ ಅಲ್ಲ ಕಣೇ ಎಂದಿದ್ದರು. ತಮ್ಮ ಕಣ್ಣು ಕೈಕೊಟ್ಟ ಮೇಲೆ ಆ ನಗು ಎಲ್ಲಿಗೆ ಹೋಯಿತೋ ಗೊತ್ತಿಲ್ಲ.

ಸೊಸೆ ಒಂದು ಗ್ಯಾರೇಜಿನ ಕೌಂಟರಿನಲ್ಲಿ ಕೆಲಸ ಮಾಡುತ್ತಿದ್ದಳು. ಬಂದ ಕಾರಿನ ರೋಗ ಏನು ಎಂದು ಕೇಳಿ ಕಾರ್ಡಿನಲ್ಲಿ ಬರೆಯುವುದು, ಮೆಕ್ಯಾನಿಕ್ ಹೇಳಿದ ಕೋಡನ್ನು ಕಂಪ್ಯೂಟರಿಗೆ ಹಾಕುವುದು ಅವಳ ಕೆಲಸ. ಮನೆಯ ಕಾರನ್ನು ಅಲ್ಲಿಗೇ ಒಯ್ದಳು. ಮನೆಯವರೆಲ್ಲ ಸುತ್ತ ನಿಂತಿದ್ದಾಗ ಹೆಡ್ ಮೆಕ್ಯಾನಿಕ್ ಸ್ಟೀರಿಂಗಿನ ಕೆಳಗೆ ಸ್ಕ್ಯಾನರಿನ ತುದಿ ಚುಚ್ಚಿ, ಬಂದ ಅಕ್ಷರ ಅಂಕಿಗಳನ್ನು ಓದಿ, ಯಾರದ್ದೂ ತಪ್ಪಿಲ್ಲ ಎಂದ. ಸೈಲೆನ್ಸರ್ ಕೊಳವೆಯಲ್ಲಿ ಮಸಿ ಹಿಡಿಯುವ ಫಿಲ್ಟರ್ ಇದೆ. ಡೀಸೆಲ್ ಕಾರನ್ನು ಬರೀ ತರಕಾರಿ ಅಂಗಡಿಗೂ ಸ್ಟೇಷನ್ನಿಗೂ ಓಡಿಸಿದರೆ ಅದು ಕಟ್ಟಿಕೊಳ್ಳುತ್ತದೆ. ವಾರಕ್ಕೊಮ್ಮೆ ಹೆದ್ದಾರಿಯಲ್ಲಿ ಅರ್ಧ ಗಂಟೆ ಒಂದೇ ವೇಗದಲ್ಲಿ ಓಡಿಸಿದರೆ ಮಸಿ ತಾನೇ ಸುಟ್ಟುಹೋಗುತ್ತದೆ. ಬಾನೆಟ್ ಎತ್ತಿ ಎರಡು ಸಣ್ಣ ರಬ್ಬರ್ ಕೊಳವೆ ಸೇರುವ ಡಬ್ಬಿಯೊಂದನ್ನೂ ತೋರಿಸಿದ. ಮಸಿ ಎಷ್ಟು ಕಟ್ಟಿದೆ ಎಂದು ಕಾರಿಗೆ ತಿಳಿಸುವ ಸೆನ್ಸರ್ ಅದು, ಇದರ ಪ್ಲಗ್ಗು ಸಡಿಲವಾದರೂ ದೀಪ ಹತ್ತುತ್ತದೆ, ಆಗ ಮಸಿಯೂ ಸುಡುವುದಿಲ್ಲ ಎಂದು ವಿವರಿಸಿದ. ಪೈಲಟ್ ಆ ಪ್ಲಗ್ಗನ್ನು ಗಮನವಿಟ್ಟು ನೋಡಿದರು. ಆ ಹೊತ್ತಿಗೆ ಅವರ ಮನಸ್ಸಿನಲ್ಲಿ ಯಾವ ಕೆಟ್ಟದ್ದೂ ಇರಲಿಲ್ಲ ಎಂದೇ ನಾನು ನಂಬುತ್ತೇನೆ.

ವಾರಕ್ಕೊಂದು ದೂರದ ಓಟ ಯಾರು ಓಡಬೇಕು ಎನ್ನುವುದಕ್ಕೆ ಉತ್ತರ ಟೈಲರಮ್ಮನ ಬಳಿ ಇತ್ತು. ನಲವತ್ತೈದು ಕಿಲೋಮೀಟರ್ ದೂರದ ಪಟ್ಟಣದ ಆಸ್ಪತ್ರೆಯೊಂದು ರೋಗಿಗಳ ಗೌನು, ಹಾಸಿಗೆಯ ಹೊದಿಕೆ ಹೊಲಿಸಲು ಜನ ಹುಡುಕುತ್ತಿತ್ತು. ಪ್ರತಿ ಸೋಮವಾರ ಬೆಳಿಗ್ಗೆ ಹತ್ತರೊಳಗೆ ಸ್ಟೋರಿಗೆ ಮುಟ್ಟಿಸಬೇಕು, ಹರಿದದ್ದನ್ನು ಅಲ್ಲೇ ಎತ್ತಿಕೊಳ್ಳಬೇಕು, ಅಷ್ಟೇ ಷರತ್ತು. ಟೈಲರಮ್ಮ ಒಪ್ಪಿಕೊಂಡು ಬಂದರು. ಬೀದಿಯವರ ರವಿಕೆ, ಪ್ಯಾಂಟಿನ ಅಂಚು ಮಡಿಸಿಯೇ ನಲವತ್ತು ವರ್ಷ ಕಳೆದವರಿಗೆ ಇದು ದೊಡ್ಡ ಕೆಲಸ. ಆ ರಾತ್ರಿ ಊಟಕ್ಕೆ ಎಲ್ಲರಿಗೂ ಎರಡೆರಡು ಮೊಟ್ಟೆ ಬೇಯಿಸಿ ಹಾಕಿದರು.

ಮೊದಲ ಸೋಮವಾರ ಪೈಲಟ್ ಬೆಳಿಗ್ಗೆ ಐದಕ್ಕೇ ಎದ್ದು ಟೈರು ಒತ್ತಿ, ಆಯಿಲ್ ಕಡ್ಡಿ ಎಳೆದು, ಗಾಜು ಒರೆಸಿ, ಕಾರಿನ ಹಿಂದೆ ನಿಂತು ಬಲಕ್ಕೆ ಬಲಕ್ಕೆ ಎಂದು ಕೈಬೀಸಿ ಗೇಟು ದಾಟಿಸಿದರು. ಟೈಲರಮ್ಮ ಮಧ್ಯಾಹ್ನ ವಾಪಸು ಬಂದರು. ಬಂದವರೇ ಅಳತೆ ಪುಸ್ತಕ ತೆಗೆದು, ಎದೆ ಸುತ್ತು ತೋಳುದ್ದದ ಪಕ್ಕದಲ್ಲಿ ಮೀಟರಿನ ಕಿಲೋಮೀಟರ್ ಬರೆದಿಟ್ಟರು. ಆಮೇಲೆ ಕಾರು ತಂದು ನಿಲ್ಲಿಸಿದಾಗಲೆಲ್ಲ ಅದೇ ರೂಢಿಯಾಯಿತು. ಅವರಿಗೆ ಯಾವುದನ್ನೂ ಅಳತೆಯಿಲ್ಲದೆ ಬಿಟ್ಟು ಗೊತ್ತಿಲ್ಲ. ಊಟಕ್ಕೆ ಕೂತಾಗ ದಾರಿಯ ಕಥೆ ಶುರುವಾಯಿತು. ರೈಲ್ವೆ ಗೇಟು ಬಿದ್ದದ್ದು, ಲಾರಿಯೊಂದು ದಾರಿ ಬಿಟ್ಟದ್ದು, ಎಪ್ಪತ್ತರ ವೇಗದಲ್ಲಿ ಹೋಗುವಾಗ ಕಾರು ನಡುಗದೆ ಇದ್ದದ್ದು. ಸೊಸೆ ಕೇಳಿದ್ದನ್ನೇ ಕೇಳಿದಳು, ಮೇಷ್ಟ್ರೂ ಪೇಪರ್ ತಿದ್ದುವುದನ್ನು ಬಿಟ್ಟು ಕೇಳಿದ. ಆ ರೈಲ್ವೆ ಗೇಟಿನ ಬಗ್ಗೆ ಪೈಲಟ್ ಒಂದು ಕಥೆ ತೆಗೆದರು. ಅದು ಎಲ್ಲರಿಗೂ ಬಾಯಿಪಾಠ ಆಗಿದ್ದ ಕಥೆ. ಮೇಷ್ಟ್ರು ಮತ್ತೆ ಪೆನ್ನು ಕೈಗೆತ್ತಿಕೊಂಡ.

ಹೀಗೆ ನಾಲ್ಕು ವಾರ ಹೋಯಿತು. ಹಳದಿ ದೀಪದ ಪತ್ತೆಯೇ ಇರಲಿಲ್ಲ. ಪೈಲಟ್ ಮುಖ ಮಾತ್ರ ವಾರ ವಾರಕ್ಕೆ ಬಿಗಿಯುತ್ತ ಬಂತು. ಬೇಳೆಗೆ ಉಪ್ಪು ಜಾಸ್ತಿ ಎಂದರು, ಯಂತ್ರದ ಸದ್ದಿಗೆ ರೇಡಿಯೋ ಕೇಳುವುದಿಲ್ಲ ಎಂದರು, ಮನೆಯ ತುಂಬ ನೂಲಿನ ಚೂರು ಎಂದರು. ಐದನೇ ಸೋಮವಾರ ಟೈಲರಮ್ಮ ಬಂದು, ಕೈ ತೊಳೆಯುವ ಮೊದಲೇ ಹೇಳಿದರು.

"ಹೆದ್ದಾರಿ ಹೋಟೆಲಲ್ಲಿ ಇವತ್ತು ನನ್ನನ್ನ ಡ್ರೈವರ್ ಬೆಂಚಲ್ಲಿ ಕೂರಿಸಿದ್ರು. ಚಹಾಕ್ಕೆ ಕಾಸು ತಗೊಳ್ಳಲಿಲ್ಲ."

ಆ ಬೆಂಚು ಅಡುಗೆಮನೆಯ ಬಾಗಿಲ ಪಕ್ಕದ್ದು. ಬಸ್ಸು ಲಾರಿ ಓಡಿಸುವವರಿಗೆ ಮಾತ್ರ. ಪ್ರಯಾಣಿಕ ಎಷ್ಟೇ ದೊಡ್ಡವನಾದರೂ ಅಲ್ಲಿ ಕೂರುವಂತಿಲ್ಲ. ಪೈಲಟ್ ಬಾಯಲ್ಲಿ ಆ ಬೆಂಚಿನ ಹೆಸರು ಬಾರದ ದಿನವಿರಲಿಲ್ಲ. ಸೊಸೆ ಚಪ್ಪಾಳೆ ತಟ್ಟಿದಳು. ಪೈಲಟ್ ತಟ್ಟೆ ಸರಿಸಿ ಎದ್ದರು.

"ಆ ಹೋಟೆಲಿನವನಿಗೆ ವಯಸ್ಸಾಯ್ತು. ಯಾರು ಡ್ರೈವರ್, ಯಾರು ದರ್ಜಿ ಅಂತ ಗೊತ್ತಾಗಲ್ಲ."

"ಗೊತ್ತಾಗಿ ಕೂರಿಸಿದ್ದು," ಎಂದರು ಟೈಲರಮ್ಮ. "ಹಿಂದಿನ ಗಾಜು ಮುಚ್ಚೋಷ್ಟು ಬಟ್ಟೆ ಗಂಟು ತುಂಬ್ಕೊಂಡೇ ಕಾರು ರಿವರ್ಸ್ ಹಾಕಿದ್ದನ್ನ ನೋಡಿದ್ರಂತೆ."

ಪೈಲಟ್ ಹೊರಗೆ ಹೋಗಿ ಕಾರಿನ ಸುತ್ತ ಎರಡು ಸುತ್ತು ಬಂದರು. ಹೊಟ್ಟೆ ಉರಿಯುವುದು ಎಂದರೆ ಏನು ಎಂದು ಆ ಮನುಷ್ಯನಿಗೆ ಅರವತ್ತೆರಡನೇ ವಯಸ್ಸಿನಲ್ಲಿ ತಿಳಿಯಿತು, ಅದೂ ಸ್ವಂತ ಹೆಂಡತಿಯ ಮೇಲೆ.

ಭಾನುವಾರ ಮಧ್ಯಾಹ್ನ ಮೇಷ್ಟ್ರೂ ಸೊಸೆಯೂ ಅವಳ ತಾಯಿಯನ್ನು ನೋಡಲು ಸ್ಕೂಟರಿನಲ್ಲಿ ಹೋಗುವುದು ವಾಡಿಕೆ. ಆ ಭಾನುವಾರವೂ ಹೋದರು. ಹಿಂದಿನ ಕೋಣೆಯಲ್ಲಿ ಯಂತ್ರ ಓಡುತ್ತಿತ್ತು. ಪೈಲಟ್ ಮೊಳೆಯಿಂದ ಕಾರಿನ ಕೀಲಿ ತೆಗೆದರು, ಶೆಡ್ಡಿಗೆ ಹೋದರು, ಬಾನೆಟ್ ಎತ್ತಿದರು, ಆ ಸಣ್ಣ ಪ್ಲಗ್ಗು ಕಿತ್ತರು. ದೀಪ ಹತ್ತುತ್ತದೋ ಇಲ್ಲವೋ ನೋಡಬೇಕಲ್ಲ; ಕೀಲಿ ತಿರುಗಿಸಿದರು. ಹತ್ತಿತು. ಅವರ ಲೆಕ್ಕ ಸರಳವಾಗಿತ್ತು: ಸೋಮವಾರ ಹೆಂಡತಿ ದೀಪ ನೋಡಿ ಹೆದರಿ ನಿಲ್ಲುತ್ತಾಳೆ, ಮಂಗಳವಾರ ತಾವು ಬಾನೆಟ್ ಎತ್ತಿ ಪ್ಲಗ್ಗು ಸಿಕ್ಕಿಸಿ ದೀಪ ಆರಿಸುತ್ತಾರೆ, ಮನೆ ಮಂದಿಯೆಲ್ಲ ಬಾಯಿ ಬಿಟ್ಟು ನೋಡುತ್ತಾರೆ.

ಸೋಮವಾರ ಟೈಲರಮ್ಮ ದೀಪ ನೋಡಿದರು, ಸೊಸೆಯನ್ನು ಕೇಳಿದರು. ಈ ಸ್ಥಿತಿಯಲ್ಲಿ ದೂರ ಓಡಿಸಿದರೆ ಫಿಲ್ಟರ್ ಪೂರ್ತಿ ಕಟ್ಟಿಕೊಂಡೀತು ಎಂದಳು ಅವಳು. ಟೈಲರಮ್ಮ ನಿಲ್ಲಲಿಲ್ಲ, ಕೈಲಾದ ಎರಡು ಗಂಟು ಮಾತ್ರ ಹೊತ್ತು ಬಸ್ಸಿಗೆ ಹೋದರು. ಮುಟ್ಟಿದಾಗ ಹನ್ನೊಂದೂವರೆ. ಮಂಗಳವಾರ ಪೈಲಟ್ ಯಾರೂ ಕಾಣದಂತೆ ಪ್ಲಗ್ಗು ಸಿಕ್ಕಿಸಿ ಕೀಲಿ ತಿರುಗಿಸಿದರೆ ದೀಪ ಆರಲಿಲ್ಲ. ಅವರ ಕಾಲದ ಬಸ್ಸುಗಳಲ್ಲಿ ತಂತಿ ಸೇರಿಸಿದರೆ ಕಥೆ ಮುಗಿಯುತ್ತಿತ್ತು. ಸಂಜೆ ಸೊಸೆ ಗ್ಯಾರೇಜಿನಿಂದ ಸ್ಕ್ಯಾನರ್ ತಂದು ಚುಚ್ಚಿ, ಸೆನ್ಸರಿನ ತಂತಿಯಲ್ಲಿ ದೋಷ ಎನ್ನುವ ಕೋಡ್ ಓದಿ, ಪ್ಲಗ್ಗು ನೋಡಿ, ಸರಿಯಾಗಿಯೇ ಇದೆಯಲ್ಲ ಎಂದು ಅಳಿಸಿಹಾಕಿದಳು. ದೀಪ ಆರಿತು. ಪಕ್ಕದಲ್ಲೇ ನಿಂತಿದ್ದ ಪೈಲಟ್ ಒಂದು ವಿಷಯ ಕಲಿತರು: ಪ್ಲಗ್ಗನ್ನು ಅರ್ಧ ನಿಮಿಷ ಕಿತ್ತು ಮತ್ತೆ ಸಿಕ್ಕಿಸಿದರೂ ಸಾಕು, ದೀಪ ದಿನಗಟ್ಟಲೆ ಉರಿಯುತ್ತದೆ, ಗುರುತು ಉಳಿಯುವುದಿಲ್ಲ. ಕಾರು ತನ್ನ ಹೊಟ್ಟೆಯೊಳಗೆ ಏನೇನು ಬರೆದಿಟ್ಟುಕೊಳ್ಳುತ್ತದೆ ಎಂದು ಪಾಪ ಅವರಿಗೇನು ಗೊತ್ತು.

ಮುಂದಿನ ಭಾನುವಾರವೂ ಅದೇ ಆಯಿತು. ಟೈಲರಮ್ಮ ಮತ್ತೆ ಬಸ್ಸಿನಲ್ಲಿ ಹೋದರು, ಮತ್ತೆ ತಡ. ಸ್ಟೋರಿನ ಮೇಡಂ, ಇನ್ನೊಂದು ಸಲ ಹೀಗಾದರೆ ನೋಡಬೇಕಾಗುತ್ತೆ ಎಂದರಂತೆ. ಹೆಡ್ ಮೆಕ್ಯಾನಿಕ್ ತಲೆ ಕೆರೆದುಕೊಂಡು ಹೊಸ ಸೆನ್ಸರ್ ಹಾಕಿದ. ಟೈಲರಮ್ಮನ ಆವರೆಗಿನ ಆಸ್ಪತ್ರೆ ಹೊಲಿಗೆಯ ದುಡ್ಡೆಲ್ಲ ಅದಕ್ಕೇ ಹೋಯಿತು. ಆಕೆ ನೋಟು ಎಣಿಸಿ ಕೊಡುವಾಗ ಪೈಲಟ್ ಕಿಟಕಿಯಿಂದಾಚೆ ನೋಡುತ್ತ ಕೂತಿದ್ದರು. ಆಗಲೇ ಬಾಯಿಬಿಟ್ಟಿದ್ದರೆ ಎಷ್ಟೋ ಚೆನ್ನಾಗಿತ್ತು. ಬಿಡಲಿಲ್ಲ. ಅದರ ಬದಲು ಮೂರನೇ ಭಾನುವಾರವೂ ಶೆಡ್ಡಿಗೆ ಹೋದರು. ಹೊಸ ಸೆನ್ಸರಿನ ಪ್ಲಗ್ಗು ಸ್ವಲ್ಪ ಬಿಗಿ ಇತ್ತು, ಅಷ್ಟೇ.

ಆ ಸೋಮವಾರ ಟೈಲರಮ್ಮ ಬಸ್ಸಿಳಿದು ಓಡಿಹೋದರೂ ಹತ್ತೂವರೆ ಆಗಿತ್ತು. ಇನ್ನೊಂದೇ ಸೋಮವಾರ ತಡವಾದರೂ ಬೇರೆಯವರಿಗೆ ಕೊಡುತ್ತೇವೆ ಎಂದು ಮೇಡಂ ಸ್ಪಷ್ಟವಾಗಿ ಹೇಳಿದರು. ಸಂಜೆ ಸೊಸೆ ಮತ್ತೆ ಸ್ಕ್ಯಾನರ್ ತಂದು ಕೋಡ್ ಓದಿ, ಅಳಿಸಿ, ದೀಪ ಆರಿಸಿದಳು. ರಾತ್ರಿ ಊಟಕ್ಕೆ ಕೂತಾಗ ಪೈಲಟ್ ಕಾರು ಮಾರುವ ಮಾತೆತ್ತಿದರು. ಹೆಂಗಸರ ಕೈಗೆ ಹೋದ ಗಾಡಿ, ಒಂದು ಸಲ ಕೆಟ್ಟ ಮೇಲೆ ಮುಗಿಯಿತು, ಗೊತ್ತಿರುವ ಬ್ರೋಕರ್ ಒಬ್ಬನಿದ್ದಾನೆ, ಭಾನುವಾರ ಸಂಜೆ ಐದಕ್ಕೆ ಬರುತ್ತಾನೆ ಎಂದರು. ಮೇಷ್ಟ್ರಿಗೆ ಈ ಜಗಳ ಕೇಳಿ ಕೇಳಿ ಸಾಕಾಗಿತ್ತು.

"ಮಾರೋಣ ಅಮ್ಮ. ದಿನಾ ಊಟದ ಹೊತ್ತಿಗೆ ಇದೇ ಆಯ್ತು."

"ಗೌನು ಯಾರು ಒಯ್ತಾರೆ?"

"ನಿನಗೆ ಈ ವಯಸ್ಸಲ್ಲಿ ಯಾಕಮ್ಮ ಇದೆಲ್ಲ?"

ಪಾತ್ರೆಗಳನ್ನು ಆ ರಾತ್ರಿ ಟೈಲರಮ್ಮ ತೊಳೆದ ಸದ್ದು ಎದುರುಮನೆಗೂ ಕೇಳಿಸಿರಬೇಕು.

ಸೊಸೆಗೆ ಮಾತ್ರ ಒಂದು ವಿಷಯ ಕೊರೆಯುತ್ತಿತ್ತು. ಶನಿವಾರ ಕೌಂಟರಿನಲ್ಲಿ ಗಿರಾಕಿಗಳಿಲ್ಲದ ಹೊತ್ತು, ಆ ಮೂರು ಸಲದ ಸ್ಕ್ಯಾನಿನ ವಿವರ ತೆರೆದು ಕೂತಳು. ಕೋಡ್ ಬಿದ್ದ ಗಳಿಗೆಯಲ್ಲಿ ಕಾರು ಹೇಗಿತ್ತು ಎನ್ನುವುದನ್ನೂ ಕಾರಿನ ಕಂಪ್ಯೂಟರ್ ಹಿಡಿದಿಟ್ಟಿರುತ್ತದೆ. ದಿನವೂ ಟೈಪ್ ಮಾಡುವವಳು ಅದನ್ನು ಓದುವ ಗೋಜಿಗೆ ಹೋದವಳಲ್ಲ. ಈಗ ಓದಿದಳು. ಮೂರು ಸಲವೂ ವೇಗ ಸೊನ್ನೆ. ಇಂಜಿನ್ ಸುತ್ತು ಸೊನ್ನೆ. ಇಂಜಿನ್ನು ತಣ್ಣಗೆ. ಪಕ್ಕದಲ್ಲಿ ಕಿಲೋಮೀಟರ್. ಒಂದು ಚೀಟಿಯಲ್ಲಿ ಬರೆದುಕೊಂಡು ಮನೆಗೆ ಬಂದಳು.

ಸಂಜೆ ಅತ್ತೆ ಸೊಸೆ ಇಬ್ಬರೂ ಹಿಂದಿನ ಕೋಣೆಯಲ್ಲಿ ಗೌನು ಮಡಿಸುತ್ತಿದ್ದರು. ಸೊಸೆ ಅಳತೆ ಪುಸ್ತಕ ಕೇಳಿ ತೆಗೆದುಕೊಂಡು ತನ್ನ ಚೀಟಿಯನ್ನು ಅದರ ಪಕ್ಕ ಇಟ್ಟಳು. ಟೈಲರಮ್ಮ ಕನ್ನಡಕ ಸರಿಮಾಡಿಕೊಂಡು ಒಂದೊಂದೇ ಅಂಕಿಯ ಮೇಲೆ ಬೆರಳಿಟ್ಟು ನೋಡಿದರು. ಅವರು ಕಾರು ತಂದು ನಿಲ್ಲಿಸಿ ಬರೆದ ಸಂಖ್ಯೆಗೂ ಚೀಟಿಯಲ್ಲಿದ್ದ ಸಂಖ್ಯೆಗೂ ಒಂದು ಕಿಲೋಮೀಟರಿನ ವ್ಯತ್ಯಾಸವೂ ಇರಲಿಲ್ಲ.

"ಕಾರು ಓಡುವಾಗ ಕೆಟ್ಟಿಲ್ಲ ಅತ್ತೆ. ಶೆಡ್ಡಲ್ಲಿ ನಿಂತಾಗ, ಬರೀ ಕೀಲಿ ತಿರುಗಿಸಿದಾಗ ಕೆಟ್ಟಿದೆ."

ಟೈಲರಮ್ಮ ಒಂದು ಗೌನು ಮಡಿಸಿದರು, ಇನ್ನೊಂದು ಮಡಿಸಿದರು.

"ಶನಿವಾರ ತಂದು ನಿಲ್ಲಿಸಿದಾಗ ಇಲ್ಲದ ದೀಪ ಸೋಮವಾರ ಹತ್ತಿರುತ್ತೆ. ಭಾನುವಾರ ಮಧ್ಯಾಹ್ನ ಮನೇಲಿರೋದು ಇಬ್ಬರು," ಎಂದರು. "ಅದರಲ್ಲಿ ನಾನಲ್ಲ."

ಇದನ್ನು ಮಗನಿಗೆ ಹೇಳಬೇಡ ಎಂದು ಆಣೆ ಹಾಕಿಸಿಕೊಂಡರು. ಸೊಸೆ ಹೇಳಲಿಲ್ಲ. ಅತ್ತೆ ಸೊಸೆ ಕೋಣೆಯ ಬಾಗಿಲು ಹಾಕಿಕೊಂಡು ಏನು ಗುಸುಗುಸು ಎಂದು ಮೇಷ್ಟ್ರು ಕೇಳಿದ. ತನ್ನ ಅಮ್ಮ ಈಚೆಗೆ ಎಲ್ಲವನ್ನೂ ಇವಳಿಗೇ ಹೇಳುತ್ತಾಳೆ ಎನ್ನುವುದು ಅವನ ಅಸೂಯೆ. ಆ ಮನೆಯಲ್ಲಿ ಅದಕ್ಕೇನೂ ಬರವಿರಲಿಲ್ಲ.

ಭಾನುವಾರ ಊಟವಾಯಿತು. ಸ್ಕೂಟರ್ ಹೊರಟಿತು. ಹಿಂದಿನ ಕೋಣೆಯಲ್ಲಿ ಯಂತ್ರ ಶುರುವಾಯಿತು. ಬ್ರೋಕರ್ ಬರುವ ಹೊತ್ತಿಗೆ ದೀಪ ಉರಿಯುತ್ತಿದ್ದರೆ ಮಾತು ಬೇಗ ಮುಗಿಯುತ್ತದೆ ಎಂದುಕೊಂಡು ಪೈಲಟ್ ಎದ್ದು ಬಾಗಿಲ ಪಕ್ಕದ ಮೊಳೆಗೆ ಕೈಹಾಕಿದರೆ ಮೊಳೆ ಬರಿದಾಗಿತ್ತು. ನೆಲ ನೋಡಿದರು, ಫ್ರಿಜ್ಜಿನ ಮೇಲೆ ತಡವಿದರು, ಮೇಷ್ಟ್ರ ಪೇಪರುಗಳ ಕಟ್ಟು ಎತ್ತಿ ನೋಡಿದರು. ಯಂತ್ರ ನಿಂತಿತು.

"ಏನು ಹುಡುಕ್ತಿದ್ದೀರಿ?"

"ಕನ್ನಡಕ."

"ಮೂಗಿನ ಮೇಲಿದೆ," ಎಂದರು ಟೈಲರಮ್ಮ. ಅವರ ಕೈಯಲ್ಲಿ ಕೀಲಿ ಇತ್ತು. "ಬನ್ನಿ."

ಶೆಡ್ಡಿನಲ್ಲಿ ಆಕೆಯೇ ಬಾನೆಟ್ ಎತ್ತಿ ಕಡ್ಡಿ ಕೊಟ್ಟು ನಿಲ್ಲಿಸಿದರು. ಕೀಲಿಯನ್ನು ಗಂಡನ ಅಂಗೈಯಲ್ಲಿ ಇಟ್ಟರು.

"ಕೀಳಿ."

"ಏನನ್ನ?"

"ಮೂರು ಭಾನುವಾರ ಕಿತ್ತಿದ್ದನ್ನ. ಇವತ್ತು ನನ್ನ ಎದುರಿಗೇ ಕಿತ್ತುಬಿಡಿ. ಈಗಲೇ ಗೊತ್ತಾದ್ರೆ ನಾಳೆ ಐದೂವರೆ ಬಸ್ಸು ಹಿಡೀತೀನಿ."

"ಯಾರು ಹೇಳಿದ್ದು ನಿನಗೆ?"

"ಕಾರೇ ಹೇಳ್ತು."

ಪೈಲಟ್ ಇಂಜಿನ್ನಿನ ಕಡೆ ನೋಡಿದರು. ತಮ್ಮವನೇ ಎಂದು ನಂಬಿದ್ದವನು ಇನ್ಸ್‌ಪೆಕ್ಟರ್ ಎದುರು ಚಾಡಿ ಹೇಳಿದಂತಾಗಿತ್ತು ಅವರಿಗೆ. ಇಲ್ಲ ಎನ್ನಲು ಬಾಯಿ ತೆರೆದರು. ಅದರ ಬದಲು ಬೇರೆಯದೇ ಬಂತು.

"ಆ ಬೆಂಚಲ್ಲಿ ಕೂರೋಕೆ ನಂಗೆ ಹನ್ನೊಂದು ವರ್ಷ ಬೇಕಾಯ್ತು. ನೀನು ಐದು ವಾರಕ್ಕೆ ಕೂತ್ಕೊಂಡೆ. ಬಂದು ಊಟದ ಮುಂದೆ ಹೇಳ್ತೀಯ ಬೇರೆ. ಹೊಟ್ಟೆ ಉರೀತು ಕಣೇ. ಏನು ಮಾಡ್ಲಿ, ಉರೀತು."

ಟೈಲರಮ್ಮ ಬಾನೆಟ್ಟಿನ ಅಂಚು ಹಿಡಿದುಕೊಂಡೇ ನಿಂತಿದ್ದರು. ಅವರು ದನಿ ಏರಿಸಲಿಲ್ಲ.

"ನಂಗೆ ಉರೀಲಿಲ್ಲ ಅಂದ್ಕೊಂಡ್ರಾ? ಮೂವತ್ತೊಂದು ವರ್ಷ ಸಮುದ್ರ ನೋಡಿದೆ, ದೊಡ್ಡ ಸೇತುವೆ ನೋಡಿದೆ ಅಂತ ನೀವು ಉಣ್ತಾ ಹೇಳೋರು, ನಾನು ಬಡಿಸ್ತಾ ಕೇಳೋಳು. ನಿಮ್ಮ ಬಸ್ಸಲ್ಲಿ ಮುಂದಿನ ಸೀಟಲ್ಲಿ ಕೂತ ಯಾರ್ಯಾರೋ ಹೆಂಗಸರ ಮೇಲೆಲ್ಲ ಹೊಟ್ಟೆ ಉರ್ಕೊಂಡಿದ್ದೀನಿ. ಒಂದು ದಿನ ಬಾ ಅಂತ ಕರೀಲಿಲ್ಲ ನೀವು."

"ಡ್ಯೂಟಿ ಮೇಲೆ ಹೇಗೆ…"

"ಡ್ಯೂಟಿ ವಿಷಯಕ್ಕೇ ಬರ್ತೀನಿ. ನಿಮ್ಮ ಯೂನಿಫಾರಂಗೆ ಏಳು ಗುಂಡಿ. ಒಂದು ಇಲ್ಲದಿದ್ರೂ ಡಿಪೋ ಗೇಟಿಂದಲೇ ವಾಪಸು ಕಳಿಸ್ತಿದ್ರು ಅಂತ ನೀವೇ ಹೇಳ್ತೀರಲ್ಲ. ಒಂದೇ ಒಂದು ದಿನಾನೂ ಹಾಗಾಗಲಿಲ್ಲ ಅಂತ ಬೀದಿಗೆಲ್ಲ ಹೇಳ್ಕೊಂಡು ತಿರುಗ್ತೀರಿ. ಮೂವತ್ತೊಂದು ವರ್ಷ ಆ ಅಂಗಿ ನನ್ನ ತೊಡೆ ಮೇಲಿತ್ತು, ಕತ್ತರಿ ನನ್ನ ಕೈಯಲ್ಲಿತ್ತು." ಟೈಲರಮ್ಮನಿಗೆ ಒಂದು ಉಸಿರು ಬೇಕಾಯಿತು. "ಒಂದು ಗುಂಡಿ ಕಿತ್ತಿದ್ದರೆ ನೀವು ಮನೇಲಿರ್ತಿದ್ರಿ. ಕಿತ್ತಿದ್ನಾ?"

ಗುಂಡಿಗಳ ಬಗ್ಗೆ ಪೈಲಟ್ ಎಂದೂ ಯೋಚಿಸಿದವರಲ್ಲ. ಬೆಳಿಗ್ಗೆ ಅಂಗಿ ಕುರ್ಚಿಯ ಮೇಲೆ ಇರುತ್ತಿತ್ತು, ಹಾಕಿಕೊಂಡು ಹೋಗುತ್ತಿದ್ದರು. ಆ ಮೂವತ್ತೊಂದು ವರ್ಷದ ಹೆಸರು ಪೂರ್ತಿ ತಮ್ಮದೇ ಎಂದು ಇಷ್ಟು ದಿನ ತಿಳಿದಿದ್ದರು. ಈಗ ನಾಚಿಕೆಯಾಯಿತು, ಸರಿಯಾಗಿಯೇ ಆಯಿತು. ಕೀಲಿಯನ್ನು ಹೆಂಡತಿಗೆ ವಾಪಸು ಕೊಟ್ಟರು.

"ಸೆನ್ಸರ್ ದುಡ್ಡು ಪಿಂಚಣಿ ಬಂದ ದಿನ ಕೊಡಿ," ಎಂದು ಟೈಲರಮ್ಮ ಬಾನೆಟ್ ಹಾಕಿ, ಒಳಗೆ ಹೋಗಿ ಯಂತ್ರ ತುಳಿಯತೊಡಗಿದರು. ನಲವತ್ತು ಗೌನು ಇನ್ನೂ ಬಾಕಿ ಇತ್ತು.

ಬ್ರೋಕರಿಗೆ ಪೈಲಟ್ ತಾವೇ ಫೋನ್ ಮಾಡಿ ಬರಬೇಡಿ ಎಂದರು. ಸಂಜೆ ಬಂದ ಮೇಷ್ಟ್ರು, ಯಾಕಪ್ಪ, ಏನಾಯ್ತು ಎಂದು ಕೇಳಿದ. ಕಾರಿನಲ್ಲಿ ಏನೂ ದೋಷವಿಲ್ಲ ಎಂದರು ಪೈಲಟ್. ಹಾಗಾದರೆ ಇಷ್ಟು ದಿನ ಕೆಟ್ಟಿದ್ದು ಏನು ಎಂದು ಅವನು ಬಿಡದೆ ಕೇಳಿದಾಗ ಸೊಸೆ ಅವನ ತಟ್ಟೆಗೆ ಎರಡು ಸೌಟು ಅನ್ನ ಹಾಕಿ, ಉಣ್ಣಿ, ಆರಿಹೋಗುತ್ತೆ ಎಂದಳು.

ಸೋಮವಾರ ಬೆಳಿಗ್ಗೆ ಎಂಟಕ್ಕೆ ಟೈಲರಮ್ಮ ಕಾರಿನಲ್ಲಿ ಗಂಟು ತುಂಬಿದರು. ಡಿಕ್ಕಿ ತುಂಬಿತು, ಹಿಂದಿನ ಸೀಟು ತುಂಬಿತು, ಉಳಿದ ಒಂದು ಗಂಟು ಪಕ್ಕದ ಸೀಟಿನ ಮೇಲೆ ಕೂತಿತು. ಕೀಲಿ ತಿರುಗಿಸಿದರು. ದೀಪಗಳೆಲ್ಲ ಒಂದು ಸಲ ಹತ್ತಿದವು, ಇಂಜಿನ್ ಶುರುವಾದ ಮೇಲೆ ಎಲ್ಲವೂ ಆರಿದವು. ಪೈಲಟ್ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು, ತಲೆ ಬಾಚಿಕೊಂಡು ಶೆಡ್ಡಿನ ಹತ್ತಿರ ನಿಂತಿದ್ದರು. ಬಗ್ಗಿ ಪಕ್ಕದ ಕಿಟಕಿಯಿಂದ ಒಳಗೆ ನೋಡಿದರು.

"ಆ ಗಂಟನ್ನ ಯಾರಾದ್ರೂ ತೊಡೆ ಮೇಲೆ ಇಟ್ಕೊಂಡು ಕೂರಬಹುದಿತ್ತು."

ಟೈಲರಮ್ಮ ಬೆಲ್ಟು ಎಳೆದು ಸಿಕ್ಕಿಸಿಕೊಂಡರು. ಗಂಡನ ಅಂಗಿ, ಬಾಚಿದ ತಲೆ, ಎಲ್ಲವೂ ಅವರ ಕಣ್ಣಿಗೆ ಬಿದ್ದಿತ್ತು. ಮನಸ್ಸು ಸ್ವಲ್ಪ ಕರಗಿತು ಕೂಡ. ಆದರೆ ಮೂವತ್ತೊಂದು ವರ್ಷಕ್ಕೆ ಎದುರಾಗಿ ಒಂದೇ ರಾತ್ರಿ ಕಳೆದಿತ್ತು.

"ಕೂರಬಹುದಿತ್ತು," ಎಂದರು. "ಇವತ್ತು ಬೇಡ. ಗೇಟು ತೆಗೀರಿ, ಹೊತ್ತಾಯ್ತು."

ಪೈಲಟ್ ಹೋಗಿ ಗೇಟಿನ ಎರಡೂ ಬಾಗಿಲು ತೆರೆದು, ಕಾರಿಗೆ ದಾರಿ ಬಿಟ್ಟು, ಗೋಡೆಗೆ ಒತ್ತಿಕೊಂಡು ನಿಂತರು.